ವುಲಾನ್ ಕೇಳಿದ ಸೆರಗು

ಪಕ್ಕದ ಮನೆಯ ಇಂಡೋನೇಷ್ಯಾದ ವುಲಾನ್ ದೀಪ್ತಿಯಿಂದ ದಿನಕ್ಕೊಂದು ಕನ್ನಡ ಪದ ಕಲಿಯುತ್ತಿದ್ದಳು. ತೊಂದರೆ ಶುರುವಾದದ್ದೇ ಅಲ್ಲಿಂದ.

ಶನಿವಾರ ಬೆಳಿಗ್ಗೆ ಮಿಲ್ಪಿಟಾಸಿನ ಲೈಬ್ರರಿಯಲ್ಲಿ ಮಕ್ಕಳಿಗೆ ವುಲಾನಳ ಭಾಷಣ. ಅಲ್ಲಿಂದಲೇ ದೀಪ್ತಿಯ ಗಂಡ ಉಮಾನಾಥನಿಗೆ ಫೋನು. "ಉಮಾ, ಸೆರಗಮ್ ಮನೆಯಲ್ಲೇ ಮರೆತೆ! ಅದಿಲ್ಲದೆ ಭಾಷಣವೇ ಇಲ್ಲ. ಬೀಗದ ಕೈ ನಿಮ್ಮ ಹತ್ತಿರವೇ ಇದೆಯಲ್ಲ, ತಂದುಕೊಡಿ" ಎಂದು ಇಂಗ್ಲಿಷಿನಲ್ಲಿ ಗೋಗರೆದು ಇಟ್ಟುಬಿಟ್ಟಳು.

ಉಮಾನಾಥ ಎದುರುಮನೆಯ ಪ್ರಭಾಳನ್ನು ಕೂಗಿದ. "ಪ್ರಭಕ್ಕ, ಅವಳಿಗೆ ಸೆರಗು ಬೇಕಂತೆ. ಎಂತ ಮಾಡುವುದು ಮಾರಾಯ್ರೆ?"

"ಸೆರಗೊಂದೇ ಕತ್ತರಿಸ್ಕೊಂಡ್ ಹೋಗ್ತೀರಾ? ಸೀರೆನೇ ತಗೊಂಡ್ ಹೋಗ್ಬೇಕು!"

ಇಬ್ಬರೂ ವುಲಾನಳ ಮನೆ ಹೊಕ್ಕರು. ಸೋಫಾದ ಮೇಲೆ ಪುಟ್ಟ ಬಿಳಿ ಅಂಗಿ, ಕೆಂಪು ಲಂಗ. "ಯಾವ್ದೋ ಮಗೂದು" ಎಂದು ಪ್ರಭಾ ಅದನ್ನು ಅತ್ತ ಸರಿಸಿದಳು. ಸೀರೆಯಂತೂ ಸಿಗಲಿಲ್ಲ.

ಉಮಾನಾಥ ತನ್ನ ಮನೆಗೆ ಓಡಿದ. ದೀಪ್ತಿ ಪ್ಲೆಸೆಂಟನ್ನಿಗೆ ಹೋಗಿದ್ದಳು, ಸಂಜೆಯವರೆಗೆ ಬರುವಂತಿರಲಿಲ್ಲ. ಅವಳ ಸೀರೆ ಮುಟ್ಟುವುದೆಂದರೆ ಹುಲಿಯ ಮೀಸೆ ಎಳೆದಂತೆ. ಆದರೂ ಹಳೆ ಬೆಡ್‌ಶೀಟಿನಲ್ಲಿ ಸುತ್ತಿಟ್ಟಿದ್ದ ಹಸಿರು ರೇಷ್ಮೆ ಸೀರೆಯನ್ನೇ ಗಂಟಿನ ಸಮೇತ ಎತ್ತಿಕೊಂಡು ಪ್ರಭಾಳೊಂದಿಗೆ ಹೊರಟ. ಅವಳು ಬರುವಷ್ಟರಲ್ಲಿ ವಾಪಸ್ಸು ಇಟ್ಟರಾಯಿತು!

ಲೈಬ್ರರಿಯಲ್ಲಿ ಗಂಟು ಬಿಚ್ಚಿದ್ದೇ ತಡ, ವುಲಾನ್ ಕುಕ್ಕರಿನಂತೆ ಸೀಟಿ ಹೊಡೆದಳು. "ಸೆರಗಮ್ ಅಂದರೆ ನಮ್ಮ ಭಾಷೆಯಲ್ಲಿ ಶಾಲೆಯ ಸಮವಸ್ತ್ರ! ನಾನು ಚಿಕ್ಕವಳಿದ್ದಾಗಿನ ಬಿಳಿ ಅಂಗಿ, ಕೆಂಪು ಲಂಗ!"

ಉಮಾನಾಥ ಬಿಸಿಲಿಗಿಟ್ಟ ಬೆಣ್ಣೆಯಾದ.

ಆದರೆ ಮಕ್ಕಳು ಆಗಲೇ ಬಂದು ಕೂತಿದ್ದರು. ವುಲಾನ್ ಒಂದು ಕ್ಷಣ ಯೋಚಿಸಿ, ಸೀರೆಯ ಒಂದು ತುದಿಯನ್ನು ಉಮಾನಾಥನ ಕೈಗೂ ಇನ್ನೊಂದನ್ನು ಪ್ರಭಾಳ ಕೈಗೂ ಕೊಟ್ಟು ಪರದೆಯಂತೆ ಹಿಡಿಸಿ, ಹಿಂದೆ ಕೆಲವು ಮಕ್ಕಳನ್ನು ಸಾಲಾಗಿ ನಿಲ್ಲಿಸಿದಳು.

"ನಮ್ಮೂರ ಶಾಲೆಯಲ್ಲಿ ಎಲ್ಲರಿಗೂ ಒಂದೇ ಬಟ್ಟೆ. ಯಾರು ಬಡವರು, ಯಾರು ಶ್ರೀಮಂತರು ಗೊತ್ತಾಗಬಾರದು ಅಂತ. ಈಗ ಕೆಳಗೆ ನೋಡಿ!"

ಸೀರೆಯಡಿ ಕಂಡದ್ದು ಬರೀ ಬೂಟುಗಳು. ಒಂದು ಜೊತೆ ಮಿಣಮಿಣ ಮಿನುಗುತ್ತಿತ್ತು.

"ನನ್ನದು ಅಕ್ಕನ ಹಳೇ ಬೂಟು, ಬಾಯಿ ಬಿಟ್ಟಿತ್ತು. ಬೂಟಿಗೆ ಸಮವಸ್ತ್ರ ಯಾರು ಹೊಲೀತಾರೆ?"

ಮಕ್ಕಳು ಬಗ್ಗಿ ಬಗ್ಗಿ ತಮ್ಮ ಬೂಟು ನೋಡಿಕೊಂಡರು. ಚಪ್ಪಾಳೆಯೋ ಚಪ್ಪಾಳೆ. ಉಮಾನಾಥನಿಗೆ ಹೋದ ಜೀವ ಬಂತು.

ಪ್ರಭಾ ಮಾತ್ರ ಕನ್ನಡಕ ಸರಿಮಾಡಿಕೊಂಡು ತನ್ನ ಕೈಲಿದ್ದ ಸೆರಗನ್ನೇ ನೋಡುತ್ತಿದ್ದಳು.

"ಉಮಾನಾಥ್, ಈ ಕುಚ್ಚು ನಾನೇ ಕೂತ್ಕೊಂಡು ಹಾಕಿದ್ದು! ಹೋದ್ ದೀಪಾವಳಿಗೆ ದೀಪ್ತಿ ನನ್ ಹತ್ರ ಇಸ್ಕೊಂಡು ಉಟ್ಕೊಂಡ್ ಹೋದ್ಲು. ಕೇಳಿದ್ರೆ 'ಅವತ್ತೇ ವಾಪಸ್ ಕೊಟ್ನಲ್ಲ ಅಕ್ಕ' ಅಂತಾಳೆ. ಮನೆಯೆಲ್ಲ ಜಾಲಾಡ್ಬಿಟ್ಟೆ ನಾನು!"

ಉಮಾನಾಥ ತನ್ನ ಕೈಲಿದ್ದ ತುದಿಯನ್ನು ಬಿಟ್ಟುಬಿಟ್ಟ. ಪ್ರಭಾ ಸೀರೆ ಮಡಿಸಿ ಎದೆಗವಚಿಕೊಂಡು ನಕ್ಕಳು.

"ಪಾಪ, ನಿಮ್ ಮೇಲೆ ನಂಗೇನ್ ಕೋಪ? ದೀಪ್ತಿಗೂ ಒಂದ್ ಮಾತು ಅನ್ನಲ್ಲ."

"ಬದುಕಿದೆ ಮಾರಾಯ್ರೆ!"

"ಸಂಜೆ ಅವ್ಳು ಬಂದ್ ಹುಡುಕಿದ್ರೆ, ಸೀರೆ ಎಲ್ಲೋಯ್ತು ಅಂತ ನೀವೇ ಹೇಳ್ಬಿಡಿ."