ಮುನ್ನೂರನೆಯ ಹುಳು

ಆಗಸ್ಟ್ ತಿಂಗಳು ಹತ್ತಿರ ಬಂತೆಂದರೆ ಸಾಕು, ಓಚಿ ಮೊರಿಹಿಕೊ ಸೀದ ಮೀನು ತಿನ್ನಲು ಮನಸ್ಸನ್ನು ಗಟ್ಟಿ ಮಾಡಿಕೊಳ್ಳುತ್ತಿದ್ದ. ಉಳಿದ ಹನ್ನೊಂದು ತಿಂಗಳು ಅವನ ಹೆಂಡತಿ ಕಿನುಯೊಳ ಕೈಯಡುಗೆಗೆ ಇಮಾಬಾರಿ ಊರಿನಲ್ಲೇ ಸಮನಿರಲಿಲ್ಲ. ಆದರೆ ಆಗಸ್ಟಿನಲ್ಲಿ ಮಾತ್ರ, ಸಂಜೆ ಐದರಿಂದ ಆರರವರೆಗೆ, ಒಲೆಯ ಮೇಲೆ ಬಂಗಡೆ ಇರಲಿ, ಮನೆಗೇ ಬೆಂಕಿ ಬಿದ್ದಿರಲಿ, ಅವಳ ಎರಡೂ ಕಣ್ಣು ಅಂಗೈಯಗಲದ ವಿಡಿಯೋ ಗೇಮಿನ ಪರದೆಗೆ ಅಂಟಿಕೊಂಡಿರುತ್ತಿದ್ದವು.

ಆಟದ ಹೆಸರು ‘ಹುಳುಗಳ ಊರು’. ಪುಟ್ಟದೊಂದು ಹಳ್ಳಿ, ಕೈಯಲ್ಲೊಂದು ಬಲೆ. ಹುಳ ಹಿಡಿಯಬೇಕು, ಪಂಜರದಲ್ಲಿಟ್ಟು ಸಾಕಬೇಕು, ಪುಸ್ತಕದಲ್ಲಿ ದಾಖಲಿಸಬೇಕು. ಒಟ್ಟು ಮುನ್ನೂರು ಜಾತಿ. ಕಿನುಯೊ ಒಂಬತ್ತು ವರ್ಷಗಳಲ್ಲಿ ಇನ್ನೂರ ತೊಂಬತ್ತೊಂಬತ್ತು ಹಿಡಿದಿದ್ದಳು. ಮೂರು ವರ್ಷದಿಂದ ಬಾಕಿ ಉಳಿದದ್ದು ಚಿನ್ನದ ಕೊಂಬಿನ ಜೀರುಂಡೆ ಒಂದೇ. ಆ ಮಹಾಶಯ ದರ್ಶನ ಕೊಡುವುದು ಆಗಸ್ಟಿನಲ್ಲಿ ಮಾತ್ರ, ಸಂಜೆ ಐದರಿಂದ ಆರರವರೆಗೆ ಮಾತ್ರ, ಅದೂ ಆಟದೊಳಗೆ ಮಳೆ ಬಂದು ನಿಂತಿದ್ದರೆ, ಪಶ್ಚಿಮದ ಗುಡ್ಡದ ಹಳೆಯ ಮರದ ಮೇಲೆ. (ಇಷ್ಟೆಲ್ಲ ಕೂಡಿ ಬಂದರೂ, ಅವನಿಗೆ ಇಷ್ಟವಿದ್ದರೆ.)

“ಕಿನುಯೊ, ಮೀನು!”

“ಶ್! ಮರದ ಮೇಲೆ ಏನೋ ಅಲ್ಲಾಡ್ತು.”

“ಒಲೆ ಮೇಲೂ ಅಲ್ಲಾಡ್ತಿದೆ. ಹೊಗೆ!”

“ಕೈ ಇದೆಯಲ್ಲ ನಿಮಗೆ? ತಿರುವಿ ಹಾಕಿ.”

“ಯಾವ ಕಡೆಗೆ ತಿರುವಲಿ? ಎರಡೂ ಕಡೆ ಒಂದೇ ಬಣ್ಣಕ್ಕೆ ಬಂದಿದೆ.”

“ಬಂದಿದ್ದರೆ ಬೆಂದಿದೆ ಅಂತ ಅರ್ಥ. ಇಳಿಸಿ!”

ಗೇಮಿನೊಳಗಿನ ಗಡಿಯಾರವನ್ನು ಸ್ವಲ್ಪ ಹಿಂದೆ ತಿರುಗಿಸಿದರೆ ಇಡೀ ದಿನ ಸಂಜೆ ಐದು ಗಂಟೆ ಮಾಡಿಕೊಳ್ಳಬಹುದಲ್ಲ ಎಂದು ಮೊರಿಹಿಕೊ ಒಮ್ಮೆ ಬಾಯಿ ಬಿಟ್ಟದ್ದುಂಟು. ಕಿನುಯೊ ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು. ಅವಳು ಟವೆಲ್ ಕಾರ್ಖಾನೆಯಲ್ಲಿ ಇಪ್ಪತ್ತೆಂಟು ವರ್ಷ ತಪಾಸಣೆಯ ಮೇಜಿನ ಮುಂದೆ ಕೂತವಳು. ಸಾವಿರ ಟವೆಲ್‌ಗಳ ರಾಶಿಯಲ್ಲಿ ಒಂದು ಎಳೆ ಸಡಿಲವಿದ್ದರೂ ಅವಳ ಬೆರಳಿಗೆ ತಿಳಿಯುತ್ತಿತ್ತು. ಹುಳುಕು ಹುಡುಕುವುದರಲ್ಲಿ ನಿಪುಣೆಯಾದವಳು ನಿವೃತ್ತಿಯಾದ ಮೇಲೆ ಹುಳು ಹುಡುಕತೊಡಗಿದ್ದರಲ್ಲಿ ಆಶ್ಚರ್ಯವೇನಿದೆ?

“ಗಡಿಯಾರ ತಿರುಗಿಸಿ ಹಿಡಿದ ಹುಳ ಹುಳಾನೇ ಅಲ್ಲ,” ಎಂದು ತೀರ್ಪು ಕೊಟ್ಟು ಮತ್ತೆ ಮರದ ಕೆಳಗೆ ಹೋಗಿ ನಿಂತಳು.

ಆದರೆ ಕಳೆದ ವರ್ಷದ ಆಗಸ್ಟ್ ಮೂವತ್ತೊಂದರಂದು ನಡೆದದ್ದನ್ನು ಮೊರಿಹಿಕೊ ಮರೆತಿರಲಿಲ್ಲ. ಗಂಟೆ ಆರು ಹೊಡೆಯಿತು. ಕಿನುಯೊ ಗೇಮಿನ ಮುಚ್ಚಳ ಮುಚ್ಚಿ, ಸುಮ್ಮನೆ ಅದರ ಮೇಲೆ ಕೈಯಿಟ್ಟುಕೊಂಡು ಕೂತಳು. “ಮುಂದಿನ ವರ್ಷ ನೋಡೋಣ,” ಎಂದಳು. ಕಡೆಯ ಹಡಗು ತಪ್ಪಿಸಿಕೊಂಡು ದಕ್ಕೆಯಿಂದ ವಾಪಸು ಬಂದವರ ದನಿ ಅದು. ಅಂದಿನ ಸೀದ ಮೀನನ್ನು ಮೊರಿಹಿಕೊ ಚಕಾರವೆತ್ತದೆ ತಿಂದಿದ್ದ.

ಹೀಗಾಗಿ ಈ ವರ್ಷ ಅವನು ಮಾಡಿದ್ದಕ್ಕೆ ಪ್ರೇಮ ಎಷ್ಟು ಕಾರಣ, ಬಂಗಡೆ ಎಷ್ಟು ಕಾರಣ ಎಂದು ಅವನನ್ನೇ ಕೇಳಿದರೂ ಹೇಳಲಾರ.

ಮೊರಿಹಿಕೊ ಡ್ರೈವಿಂಗ್ ಶಾಲೆಯಲ್ಲಿ ಮೇಷ್ಟ್ರು. ಅಲ್ಲಿಯ ಇನ್ನೊಬ್ಬ ಮೇಷ್ಟ್ರು ಹಚಿಯಾ, ಐವತ್ತು ದಾಟಿದ ಬ್ರಹ್ಮಚಾರಿ. ಮಧ್ಯಾಹ್ನ ಡಬ್ಬಿ ಬಿಚ್ಚಿಕೊಂಡು ಕೂತಾಗ ಮೊರಿಹಿಕೊ ತನ್ನ ಸಂಕಟ ತೋಡಿಕೊಂಡ.

“ಅಯ್ಯೋ ಓಚಿ-ಸಾನ್, ಇಷ್ಟಕ್ಕೆ ಮೂರು ವರ್ಷ ಕರಿ ಮೀನು ತಿಂದ್ರಾ?” ಎಂದ ಹಚಿಯಾ. “ನನ್ನ ಹತ್ತಿರ ಹಳೇದೊಂದು ಯಂತ್ರ ಇದೆ. ಆಟದ ಕ್ಯಾಸೆಟ್ಟನ್ನ ಅದರೊಳಗೆ ಸಿಕ್ಕಿಸಿ, ಚೀಟ್ ಕೋಡ್ ಒತ್ತಿದರೆ ಮುಗೀತು. ಬೇಕಾದ ಹುಳ ಬೇಕಾದಾಗ.”

“ಅದು ಮೋಸ ಅಲ್ವಾ?”

“ಯಾರಿಗೆ ಮೋಸ? ಹುಳಕ್ಕಾ?”

ಹೀಗೆ ಹಚಿಯಾ ಮೊರಿಹಿಕೊನ ತಲೆಗೆ ಹುಳ ಬಿಟ್ಟ. (ಈ ಕಥೆಯಲ್ಲಿ ಹುಳುಗಳಿಗೆ ಬರವಿಲ್ಲ.) ಮರುದಿನ ಬೆಂಕಿಪೊಟ್ಟಣದಷ್ಟು ದೊಡ್ಡ ಕಪ್ಪು ಡಬ್ಬಿಯೊಂದನ್ನೂ, ಮಡಿಸಿ ಮಡಿಸಿ ಹರಿದ ಒಂದು ಹಾಳೆಯನ್ನೂ ತಂದು ಕೊಟ್ಟ. “ನೀವೇ ಇಟ್ಕೊಳ್ಳಿ, ನನಗೇನೂ ಬೇಡ,” ಎಂದು ಔದಾರ್ಯವನ್ನೂ ತೋರಿದ.

ಶನಿವಾರ ಬೆಳಿಗ್ಗೆ ಹತ್ತಕ್ಕೆ ಕಿನುಯೊ ಕೂದಲು ಕತ್ತರಿಸಿಕೊಳ್ಳಲು ಹೋದಳು. ಅದು ಎರಡು ಗಂಟೆಯ ಕೆಲಸ. (ಕತ್ತರಿಸುವುದು ಇಪ್ಪತ್ತು ನಿಮಿಷ, ಉಳಿದದ್ದು ಮಾತು.) ಮೊರಿಹಿಕೊ ಊಟದ ಮೇಜಿನ ಮೇಲೆ ಬಿಳಿ ಟವೆಲ್ ಹಾಸಿ, ಗೇಮನ್ನೂ ಯಂತ್ರವನ್ನೂ ಅದರ ಮೇಲಿಟ್ಟು, ಶಸ್ತ್ರಚಿಕಿತ್ಸೆಗೆ ನಿಂತ ವೈದ್ಯನಂತೆ ಕೈ ತೊಳೆದುಕೊಂಡು ಬಂದ.

ಹಾಳೆಯ ಮೊದಲ ಸಾಲು ಹೀಗಿತ್ತು: ‘ಏನು ಮಾಡುವ ಮೊದಲೂ ಹಳೆಯ ಆಟದ ಒಂದು ನಕಲು ತೆಗೆದಿಟ್ಟುಕೊಳ್ಳಿ.’ ಕಾರು ಹೊರಡಿಸುವ ಮೊದಲು ಕನ್ನಡಿ ನೋಡದ ಶಿಷ್ಯರನ್ನು ಇಪ್ಪತ್ತೆರಡು ವರ್ಷಗಳಿಂದ ಗದರಿಸುತ್ತ ಬಂದ ಆ ಮಹಾನುಭಾವ ಈ ಸಾಲನ್ನು ಹಾರಿಸಿ ನೇರವಾಗಿ ಎರಡನೆಯದಕ್ಕೆ ಬಂದ. ಅಲ್ಲಿ ಹದಿನಾರು ಅಕ್ಷರಗಳ ಕೋಡ್ ಇತ್ತು. ಏಳನೆಯದು ಇಂಗ್ಲಿಷಿನ ‘ಬಿ’ಯೋ, ಎಂಟೋ? ಹಾಳೆಯ ಮಡಿಕೆ ಸರಿಯಾಗಿ ಅಲ್ಲೇ ಹಾದುಹೋಗಿತ್ತು. ಕನ್ನಡಕ ಹಾಕಿ ನೋಡಿದ, ತೆಗೆದು ನೋಡಿದ, ಕಿಟಕಿಯ ಬೆಳಕಿಗೆ ಹಿಡಿದು ನೋಡಿದ. ಎಂಟೇ ಇರಬೇಕು ಎಂದು ಒತ್ತಿಯೇ ಬಿಟ್ಟ.

ಯಂತ್ರ ‘ಟಿಣ್’ ಎಂದಿತು. ಗೇಮ್ ತೆರೆದು ನೋಡಿದರೆ ಮೊದಲನೆಯ ಪಂಜರದಲ್ಲೇ ಚಿನ್ನದ ಕೊಂಬು ಥಳಥಳ ಹೊಳೆಯುತ್ತಿತ್ತು! ಮೊರಿಹಿಕೊ ಒಬ್ಬನೇ ಎರಡು ಹೆಜ್ಜೆ ಕುಣಿದ. ಮೊದಲನೆಯ ಪಂಜರದಲ್ಲಿ ಅದಕ್ಕೂ ಮುಂಚೆ ಯಾರು ವಾಸವಾಗಿದ್ದರು ಎಂಬ ಪ್ರಶ್ನೆ ಅವನಿಗೆ ಹೊಳೆಯಲೇ ಇಲ್ಲ.

ಸಂಜೆ ಐದಾಯಿತು. ಕಿನುಯೊ ಬಂಗಡೆಯನ್ನು ಒಲೆಗೇರಿಸಿ, ಗೇಮಿನ ಮುಚ್ಚಳ ತೆರೆದಳು. ಪತ್ರಿಕೆಯ ಹಿಂದೆ ಅವಿತಿದ್ದ ಮೊರಿಹಿಕೊನ ಕಿವಿಗೆ ತಮಟೆ, ಬಾಣ, ಬಿರುಸುಗಳ ಸದ್ದು ಬಿತ್ತು. ಪುಸ್ತಕ ತುಂಬಿದ್ದಕ್ಕೆ ಹುಳುಗಳ ಊರಿನವರೆಲ್ಲ ಹಬ್ಬ ಮಾಡುತ್ತಿದ್ದರು.

ಆದರೆ ಕಿನುಯೊಳ ಕಡೆಯಿಂದ ಚೂರೂ ಸದ್ದಿಲ್ಲ. ಮೊರಿಹಿಕೊ ಪತ್ರಿಕೆಯ ಅಂಚಿನಿಂದ ಇಣುಕಿದ. ಅವಳು ಕನ್ನಡಕವನ್ನು ಮೂಗಿನ ತುದಿಗೆ ಇಳಿಸಿದ್ದಳು. ಕಾರ್ಖಾನೆಯಲ್ಲಿ ಸಡಿಲ ಎಳೆ ಸಿಕ್ಕಾಗ ಇಳಿಸುತ್ತಿದ್ದಷ್ಟೇ.

“ರೀ, ಇದನ್ನ ಮುಟ್ಟಿದ್ರಾ?”

“ನೀನು ಹೊರಗೆ ಹೋದಾಗ ಸುಮ್ಮನೆ ತೆಗೆದೆ. ಬಲೆ ಬೀಸಿದೆ. ಬಿತ್ತು.” ಮೊರಿಹಿಕೊ ಸಾಧ್ಯವಾದಷ್ಟು ಸಹಜವಾಗಿ ನಕ್ಕ. “ಅದೃಷ್ಟ!”

“ಬೆಳಿಗ್ಗೆ ಹತ್ತು ಗಂಟೆಗೆ?”

“ಮೋಡ ಇತ್ತಲ್ಲ. ಸಂಜೆ ಅಂದ್ಕೊಂಡಿರಬೇಕು.”

“ಪಂಜರದ ಚೀಟಿಯ ಮೇಲೆ ಹಿಡಿದ ದಿನ ಜನವರಿ ಒಂದು ಅಂತ ಇದೆ.”

“ಹೊಸ ವರ್ಷದ ದಿನ! ಶುಭ ಅಲ್ವಾ?”

“ಹಿಡಿದ ಜಾಗ ಖಾಲಿ. ಉದ್ದ ಸೊನ್ನೆ ಮಿಲಿಮೀಟರ್.”

“ಮರಿ ಇರಬಹುದು,” ಎಂದ ಮೊರಿಹಿಕೊ. ಹೇಳುತ್ತಿದ್ದ ಹಾಗೇ ಅವನಿಗೆ ತನ್ನ ಮಾತಿನ ಮೇಲೆ ತನಗೇ ನಾಚಿಕೆಯಾಯಿತು. ಜೇಬಿನಿಂದ ಕಪ್ಪು ಡಬ್ಬಿ ತೆಗೆದು ಮೇಜಿನ ಮೇಲಿಟ್ಟ. ಹಚಿಯಾ, ಕೋಡ್, ಬಂಗಡೆ, ಕಳೆದ ವರ್ಷದ ಆಗಸ್ಟ್ ಮೂವತ್ತೊಂದು, ಎಲ್ಲ ಒಂದೇ ಉಸಿರಿಗೆ ಹೊರಬಂದವು.

ಬೈಗುಳದ ಮಳೆಗೆ ಅವನು ಬೆನ್ನು ಬಾಗಿಸಿ ಕೂತಿದ್ದ. ಮಳೆ ಬರಲಿಲ್ಲ. ಕಿನುಯೊ ಡಬ್ಬಿಯ ಕಡೆ ನೋಡಲೂ ಇಲ್ಲ. ಗುಂಡಿ ಒತ್ತಿ ಒತ್ತಿ ಒಂದೊಂದೇ ಪಂಜರ ನೋಡುತ್ತಿದ್ದಳು. ಅವಳ ಮುಖ ಬಿಳಿಚಿತ್ತು.

“ಮೊರಿಹಿಕೊ ಎಲ್ಲಿ?”

“ಇಲ್ಲೇ ಇದೀನಲ್ಲ?”

“ನೀವಲ್ಲ. ಇನ್ನೊಬ್ಬ ಮೊರಿಹಿಕೊ.”

ಮೂವತ್ತು ವರ್ಷದ ಸಂಸಾರದಲ್ಲಿ ಮೊದಲ ಬಾರಿಗೆ ಮೊರಿಹಿಕೊನ ಎದೆ ಧಸಕ್ಕೆಂದಿತು. “ಇನ್ನೊಬ್ಬನೂ ಇದ್ದಾನಾ?”

“ಇದ್ದ,” ಎಂದಳು ಕಿನುಯೊ. “ಮೊದಲನೇ ಪಂಜರದಲ್ಲಿ. ಸಗಣಿ ಹುಳ.”

ಒಂಬತ್ತು ವರ್ಷದ ಹಿಂದೆ ಕಿನುಯೊಳ ಮಂಡಿಗೆ ಶಸ್ತ್ರಚಿಕಿತ್ಸೆಯಾಗಿ ಅವಳು ಗುಡ್ಡದ ಮೇಲಿನ ಆಸ್ಪತ್ರೆಯಲ್ಲಿ ಮೂರು ವಾರ ಇದ್ದಳು. ಬೇಸರ ಕಳೆಯಲೆಂದು ಈ ಗೇಮನ್ನು ತಂದುಕೊಟ್ಟವನು ಮೊರಿಹಿಕೊನೇ. ಅದನ್ನು ತಂದ ದಿನ ಅವಳಿಗೆ ಸಮುದ್ರ ತೋರಿಸುತ್ತೇನೆಂದು ಗಾಲಿಕುರ್ಚಿಯಲ್ಲಿ ಕೂರಿಸಿಕೊಂಡು ಹೊರಟಿದ್ದ. ಇಳಿಯುವುದು ಸುಲಭವಾಯಿತು, ವಾಪಸು ಏರುವಾಗ ಕುರ್ಚಿ ಅಲ್ಲಾಡಲಿಲ್ಲ. ಕೊನೆಗೆ ಹಿಮ್ಮುಖವಾಗಿ, ಏದುಸಿರು ಬಿಡುತ್ತ ಎಳೆದ. ನಡುದಾರಿಯಲ್ಲಿ ಕಾಲು ಜಾರಿ ಅಂಗಾತ ಬಿದ್ದ, ಎದ್ದ, ಮತ್ತೆ ಎಳೆದ. ಅಂದು ಸಂಜೆ ಹಾಸಿಗೆಯಲ್ಲಿ ಕೂತು ಕಿನುಯೊ ಆಟದಲ್ಲಿ ಹಿಡಿದ ಮೊಟ್ಟಮೊದಲ ಹುಳು ಸಗಣಿ ಹುಳು. ತನಗಿಂತ ದೊಡ್ಡ ಉಂಡೆಯನ್ನು ಹಿಮ್ಮುಖವಾಗಿ ಉರುಳಿಸುತ್ತಿತ್ತು. ಅಂಗಾತ ಬಿತ್ತು, ಎದ್ದಿತು, ಮತ್ತೆ ಉರುಳಿಸಿತು. ಆಟ ಹೆಸರು ಕೇಳಿತು. ಅವಳು ಯೋಚಿಸಲೇ ಇಲ್ಲ.

“ಒಂಬತ್ತು ವರ್ಷ ಒಂದು ದಿನ ತಪ್ಪಿಸದೆ ಅದಕ್ಕೆ ಊಟ ಹಾಕಿದೀನಿ,” ಎಂದಳು ಕಿನುಯೊ, ಟವೆಲ್‌ನಿಂದ ಮೂಗೊರೆಸಿಕೊಂಡು. “ನಿಮ್ಮ ಈ ಚಿನ್ನದ ಕೊಂಬು ಅದರ ಮೇಲೆ ಬಂದು ಕೂತು ಅದನ್ನ ಅಳಿಸಿಬಿಟ್ಟಿದೆ.”

ತನ್ನನ್ನು ತಾನೇ ಅಳಿಸಿಕೊಂಡ ಗಂಡ ಎದ್ದು ಹೋಗಿ ಒಲೆ ಆರಿಸಿದ. ಒಲೆಯ ಮೇಲಿನ ಮೀನು ಸೀದು ಇದ್ದಿಲಾಗಿತ್ತು. ಇಬ್ಬರೂ ಅದನ್ನೇ ತಿಂದರು.

ಮರುದಿನ ಶಿಕ್ಷೆ ಪ್ರಕಟವಾಯಿತು. ಒಂದು: ಕಳ್ಳಮಾಲು ಮನೆಯಲ್ಲಿರಕೂಡದು, ಚಿನ್ನದ ಕೊಂಬಿನ ಜೀರುಂಡೆಯನ್ನು ಗುಡ್ಡದ ಮರಕ್ಕೆ ಬಿಟ್ಟುಬಿಡಬೇಕು. (ಕಿನುಯೊ ತಾನೇ ಬಿಟ್ಟಳು. ಅದು ಹಾರಿಹೋಗುವಾಗ ಕತ್ತೂ ಎತ್ತಲಿಲ್ಲ.) ಸುಡಲಾಗದ ಕಸ ಒಯ್ಯಲು ಗಾಡಿ ಮುಂದೆ ಬರುವ ದಿನ, ಅಂದರೆ ‘ಸುಡದ ಕಸದ ದಿನ’, ಆ ಕಪ್ಪು ಡಬ್ಬಿಯೂ ಹೊರಗೆ ಹೋಗಬೇಕು. ಇನ್ನೊಂದು: ಸಗಣಿ ಹುಳವನ್ನು ಕಳೆದವರೇ ಹಿಡಿದು ತರಬೇಕು. ಕೋಡ್ ಇಲ್ಲ, ಗಡಿಯಾರ ತಿರುಗಿಸುವುದಿಲ್ಲ. ಸಗಣಿ ಹುಳ ಸಿಗುವುದು ಬೆಳಿಗ್ಗೆ ಆರರಿಂದ ಎಂಟರವರೆಗೆ.

ಹೀಗೆ ಡ್ರೈವಿಂಗ್ ಮೇಷ್ಟ್ರು ತನ್ನ ಐವತ್ತೆಂಟನೆಯ ವಯಸ್ಸಿನಲ್ಲಿ ಶಿಷ್ಯನಾದ. ಪಕ್ಕದಲ್ಲಿ ಕಿನುಯೊ.

“ಓಡಬೇಡಿ! ಕಾಲಿನ ಸದ್ದಿಗೆ ಹೋಗಿಬಿಡುತ್ತೆ. ನಿಧಾನ. ನಿಧಾನ ಅಂದ್ರೆ ನಿಂತುಬಿಡೋದಲ್ಲ! ಹಾಂ, ಈಗ ಬಲೆ. ಬಲೆ ಅಂದೆ, ಸನಿಕೆ ಯಾಕೆ ತೆಗೆದ್ರಿ?”

“ಗುಂಡಿ ಎಲ್ಲ ಒಂದೇ ಥರ ಇದೆ!”

“ಅಯ್ಯೋ, ಊರ ಹಿರಿಯನ ಮೂಲಂಗಿ ಅಗೆದು ಹಾಕಿದ್ರಲ್ಲ! ನಿಮ್ಮ ಕೈಲಿ ಕಾರು ಕಲಿತವರೆಲ್ಲ ಬದುಕಿದ್ದಾರಾ?”

ಐದನೆಯ ದಿನ ಅವನನ್ನು ಕಣಜ ಕಚ್ಚಿತು. ಏಳನೆಯ ದಿನ ಹೊಳೆಗೆ ಬಿದ್ದ. ಅಷ್ಟು ಹೊತ್ತಿಗೆ ಹುಲ್ಲುಗಾವಲಿನಲ್ಲಿ ಏನು ಅಲ್ಲಾಡಿದರೂ ಅವನ ಹೆಬ್ಬೆರಳು ತಾನಾಗಿ ಮಿಡಿಯುತ್ತಿತ್ತು. ಒಂದು ದಿನ ಶಾಲೆಗೆ ತಡವಾಗಿ ಹೋದಾಗ ಹಚಿಯಾ ಕಾರಣ ಕೇಳಿದ. “ಮಂಜು ಕವಿದಿತ್ತು,” ಎಂದ ಮೊರಿಹಿಕೊ. (ಆಟದೊಳಗೆ ಎಂದು ಹೇಳಲಿಲ್ಲ.)

ಹನ್ನೊಂದನೆಯ ದಿನ ಬುಧವಾರ. ಕಿನುಯೊ ಮಿಸೋ ಸಾರು ಬಿಸಿ ಮಾಡಲು ಒಳಗೆ ಹೋಗಿದ್ದಳು. ಹುಲ್ಲಿನ ಮರೆಯಲ್ಲಿ ಉಂಡೆಯೊಂದು ಉರುಳಿತು. ಮೊರಿಹಿಕೊ ಉಸಿರು ಬಿಗಿಹಿಡಿದು, ಓಡದೆ, ನಿಲ್ಲದೆ, ಮೂರು ಹೆಜ್ಜೆ ಇಟ್ಟು ಬಲೆ ಬೀಸಿದ. ಬಿತ್ತು! ಯಾವ ಕೋಡೂ ಇಲ್ಲದೆ, ತನ್ನ ಸ್ವಂತ ಕೈಯಿಂದ!

ಆಟ ಕೇಳಿತು: ‘ಇದಕ್ಕೆ ಏನೆಂದು ಹೆಸರಿಡುತ್ತೀರಿ? ಒಮ್ಮೆ ಇಟ್ಟ ಹೆಸರು ಬದಲಾಗುವುದಿಲ್ಲ.’

ಮೊರಿಹಿಕೊ ಕನ್ನಡಕ ಸರಿಪಡಿಸಿಕೊಂಡ. ಒಂಬತ್ತು ವರ್ಷ ತನ್ನ ಹೆಸರನ್ನು ಪಂಜರದಲ್ಲಿಟ್ಟು ಸಾಕಿದವಳಿಗೆ ತಾನು ಪ್ರತಿಯಾಗಿ ಏನು ಕೊಟ್ಟಿದ್ದೇನೆ? ಹೃದಯ ಹೇಳಿದ್ದನ್ನು ಬೆರಳು ಬರೆಯಿತು. ಕಿನುಯೊ ಸಾರಿನ ಬಟ್ಟಲು ಹಿಡಿದು ಬಂದಾಗ ಅವನು ಎರಡೂ ಕೈಯಲ್ಲಿ ಗೇಮನ್ನು ಅವಳ ಮುಂದೆ ಒಪ್ಪಿಸಿದ. ಪರದೆಯ ಮೇಲೆ ಅಕ್ಷರಗಳು ಮೂಡಿದ್ದವು: ‘ಕಿನುಯೊ ಸಗಣಿಯ ಉಂಡೆ ಉರುಳಿಸುತ್ತಿದ್ದಾಳೆ.’

ಬಟ್ಟಲು ನಿಧಾನವಾಗಿ ಮೇಜಿನ ಮೇಲೆ ಕೂತಿತು.

“ನನ್ನ ಹೆಸರು. ಸಗಣಿ ಹುಳಕ್ಕೆ.”

“ಪ್ರೀತಿಯಿಂದ! ನೀನೂ ನನ್ನ ಹೆಸರು ಇಟ್ಟಿದ್ದೆಯಲ್ಲ?”

“ಅದು ಬೇರೆ, ಇದು ಬೇರೆ!”

“ಹೇಗೆ ಬೇರೆ?”

“ನಾಳೆ ಗುರುವಾರ. ನನ್ನ ಜೊತೆ ಆಡೋ ಹೆಂಗಸರು ನಾಲ್ಕು ಜನ ಆಟದೊಳಗಿನ ನನ್ನ ಊರು ನೋಡೋಕೆ ಬರ್ತಾರೆ. ಬಾಗಿಲಲ್ಲೇ ನಾನು ಸಗಣಿ ಉರುಳಿಸ್ತಾ ಸ್ವಾಗತ ಮಾಡಲಾ?”

“ಹೆಸರು ಬದಲಾಯಿಸಿದರಾಯ್ತು.”

“ಬದಲಾಗೋದಿಲ್ಲ ಅಂತ ಅದರಲ್ಲೇ ಬರೆದಿದೆ! ಮೊದಲ ಸಾಲು ಓದೋ ಅಭ್ಯಾಸವೇ ಇಲ್ವಾ ನಿಮಗೆ?”

ಆಮೇಲೆ, ಇಪ್ಪತ್ತೆಂಟು ವರ್ಷ ಒಂದು ಸಡಿಲ ಎಳೆಯನ್ನೂ ಬಿಡದ ತಪಾಸಕಿ, ಗಂಡನ ಮುಖ ನೋಡದೆ, ಮೇಜಿನ ಮೇಲಿಲ್ಲದ ಧೂಳನ್ನು ಒರೆಸುತ್ತ ಮೆಲ್ಲಗೆ ಕೇಳಿದಳು.

“ಆ ಡಬ್ಬಿ ಎಲ್ಲಿ?”

“ಯಾವ ಡಬ್ಬಿ?”

“ಅದೇ ರೀ. ಹೆಸರು ಒಂದನ್ನ ಮಾತ್ರ. ಬೇರೇನೂ ಮುಟ್ಟೋದಿಲ್ಲ.”

“ಕಿನುಯೊ, ಇವತ್ತು ಸುಡದ ಕಸದ ದಿನ. ಬೆಳಿಗ್ಗೆ ನೀನೇ ಚೀಲದ ಬಾಯಿ ಕಟ್ಟಿ ಕೊಟ್ಟೆಯಲ್ಲ?”

ಬೀದಿಯಲ್ಲಿ ಕಸದ ಗಾಡಿಯ ಹಾಡು ಕೇಳಿಸಿತು.

“ಮತ್ತೆ ಇಲ್ಲೇ ಯಾಕೆ ನಿಂತಿದ್ದೀರಿ? ಓಡಿ!”

ಮೊರಿಹಿಕೊ ಮನೆಯೊಳಗಿನ ಚಪ್ಪಲಿಯಲ್ಲೇ ಓಡಿದ. ಕ್ಷೌರದಂಗಡಿಯವರೆಗೆ ಓಡಿದ, ಅಂಚೆ ಕಚೇರಿಯವರೆಗೆ ಓಡಿದ. ಒಂದು ಚಪ್ಪಲಿ ಎಲ್ಲೋ ಬಿಟ್ಟುಹೋಯಿತು. ಗಾಡಿ ಹಾಡುತ್ತ ಹಾಡುತ್ತ ಬಂದರಿನ ತಿರುವಿನಲ್ಲಿ ಮರೆಯಾಯಿತು.

ಅವನು ಕುಂಟುತ್ತ ವಾಪಸು ಬಂದು, ಬಾಗಿಲಲ್ಲಿ ತಲೆ ತಗ್ಗಿಸಿ ನಿಂತ. ಕಿನುಯೊ ಗೇಮನ್ನು ಮೂಗಿನ ಹತ್ತಿರ ಹಿಡಿದು, ಹೊಸ ಹುಳುವಿಗೆ ಊಟ ಹಾಕುತ್ತಿದ್ದಳು.

“ಬಂದ್ರಾ? ಇಲ್ಲಿ ನೋಡಿ,” ಎಂದಳು, ಪರದೆಯಿಂದ ಕಣ್ಣು ಕೀಳದೆ. “ನಿಮ್ಮ ಉಂಡೆಗಿಂತ ನನ್ನ ಉಂಡೆಯೇ ದೊಡ್ಡದು.”