ಕಟಕಾನ ಹತ್ತಿದ ಶೇಂಗಾ ಹಿಂಡಿ

ನಮ್ಮ ಕಡೆ ಪದವಿ ಹೆಸರಿಗೆ ಅಂಟಿಕೊಂಡೇ ಇರಬೇಕು. ಲಗ್ನಪತ್ರಿಕೆಯಲ್ಲಿ, ಬಾಗಿಲ ಮೇಲೆ, ಕೊನೆಗೆ ಬೈಕಿನ ಹಿಂದೆ ಕೂಡ. ಕೂಲಿಗೆ ಹೋಗುವ ಮನೆತನದಲ್ಲಿ ಮೊದಲ ಸಲ ಬಿ.ಎಸ್ಸಿ. ಆದ ನನಗಂತೂ, ಅದನ್ನು ಬಿಟ್ಟು ಹೆಸರು ಬರೆದರೆ ಅಂಗಿಯಿಲ್ಲದೆ ಬಸವಕಲ್ಯಾಣದ ಬಸ್‌ಸ್ಟ್ಯಾಂಡಿನಲ್ಲಿ ನಿಂತಂತಾಗುತ್ತದೆ. ಅವ್ವ ಇನ್ನೊಬ್ಬರ ಹೊಲದಲ್ಲಿ ತೊಗರಿ ಕೊಯ್ದು ಓದಿಸಿದ ಪದವಿ ಅದು. ಮುಚ್ಚಿಡಲು ನಾನೇನು ಕದ್ದು ತಂದಿಲ್ಲ.

ಹೆಂಡತಿ ಸುವರ್ಣಾ ಕುಟ್ಟುವ ಶೇಂಗಾ ಹಿಂಡಿಯನ್ನು, ಅಂದರೆ ಚಟ್ನಿಪುಡಿಯನ್ನು, ಹುಮನಾಬಾದಿನ ಕಿರಾಣಿ ಅಂಗಡಿಯವರೊಬ್ಬರು ಇಟ್ಟುಕೊಳ್ಳಲು ಒಪ್ಪಿದರು. ಆದರೆ ಪಾಕೀಟಿನ ಮೇಲೆ ಕನ್ನಡದಲ್ಲಿ ಹೆಸರಿರಬೇಕು, ಮರುದಿನ ಮುಂಜಾನೆಯೇ ಮುಟ್ಟಬೇಕು; ಇಲ್ಲವಾದರೆ ಆ ಜಾಗ ಬೇರೆಯವರಿಗೆ. ಸುವರ್ಣಾಳ ಹೆಸರು ಲಗ್ನಪತ್ರಿಕೆಯ ನಂತರ ಎಲ್ಲೂ ಅಚ್ಚಾಗಿರಲಿಲ್ಲ. ಆಕೆ ಪ್ರೆಸ್ಸಿಗೆ ಕೊಡೋಣ ಎಂದಳು. “ಯಾಕ? ನಾ ಸತ್ತೀನೇನು?” ಎಂದು ನಾನು ಗುಜರಿಯಿಂದ ತಂದಿದ್ದ ಹಳೆಯ ಜಪಾನಿ ಲೇಬಲ್ ಯಂತ್ರವನ್ನು ಕಂಪ್ಯೂಟರಿಗೆ ಜೋಡಿಸಿದೆ.

ಲೇಬಲ್ಲು ಬಂತು. ಕನ್ನಡ ಬರಲಿಲ್ಲ.

“ಏನ್ರಿ ಇದು, ಕೋಳಿ ಕೆದರಿದಂಗ ಅದ?” ಎಂದಳು.

ಮೊಬೈಲಿನ ಕ್ಯಾಮೆರಾ ಹಿಡಿದರೆ ಅದು ಜಪಾನಿನ ಕಟಕಾನ ಲಿಪಿ ಎಂದಿತು. ಹುಡುಕಿ ಓದಿದೆ. ಆ ಯಂತ್ರದ ಕಾಲದ ಕಂಪ್ಯೂಟರಿನಲ್ಲಿ ಅಕ್ಷರಗಳಿಗೆ ಇದ್ದದ್ದು ಇನ್ನೂರೈವತ್ತಾರು ಖಾನೆ. ಅರ್ಧ ಇಂಗ್ಲಿಷ್ ಹಿಡಿದಿತ್ತು. ಜಪಾನಿನವರ ಸಾವಿರಾರು ಚಿತ್ರಾಕ್ಷರ ಉಳಿದರ್ಧದಲ್ಲಿ ಹಿಡಿಸುವುದೆಲ್ಲಿ? ಸರಳ ಗೆರೆಯ ಕಟಕಾನವನ್ನಷ್ಟೇ, ಅದನ್ನೂ ಸಪೂರ ಮಾಡಿ, ತುಂಬಿದ ಬಸ್ಸಿನಲ್ಲಿ ಕೂಡಿಸಿದಂತೆ ಕೂಡಿಸಿದರು. ಈಗಿನ ಪದ್ಧತಿಯಲ್ಲಿ ನಮ್ಮ ಒಂದೊಂದು ಅಕ್ಷರ ಮೂರು ಅಂಕಿಯಾಗಿ, ಅಂದರೆ ಮೂರು ಖಾನೆಗಳ ನಂಬರಾಗಿ, ಹೊರಡುತ್ತದೆ. ಯಂತ್ರ ಒಂದೊಂದು ಅಂಕಿಗೂ ತನ್ನ ಖಾನೆಯದೇ ಗುರುತು ಒತ್ತುತ್ತಿತ್ತು. ಮೊದಲ ಅಂಕಿ ಕನ್ನಡಕ್ಕೆಲ್ಲ ಒಂದೇ ಆದ್ದರಿಂದ, ಪ್ರತಿ ಅಕ್ಷರಕ್ಕೂ ಮನೆತನದ ಅಡ್ಡಹೆಸರು ಹಚ್ಚಿದಂತೆ ಒಂದೇ ಗುರುತು ಮತ್ತೆ ಮತ್ತೆ ಬರುತ್ತಿತ್ತು. ಎಲ್ಲ ತಿಳಿಯಿತು. ಲೇಬಲ್ಲು ಮಾತ್ರ ಆಗಲಿಲ್ಲ.

ಅವ್ವ ಒಂದನ್ನು ಬೆಳಕಿಗೆ ಹಿಡಿದು, “ಚಲೋ ಬಂದದಲ್ಲೋ, ಹಚ್ಚಿಬಿಡು” ಎಂದಳು.

“ಅವ್ವ, ಅದು ಜಪಾನಿಂದು!”

“ನನಗ ನಿನ್ನ ಕನ್ನಡಾನೂ ಹಿಂಗೇ ಕಾಣ್ತದಪ್ಪ.”

ನಗಲು ಹೋದವನು ಆ ಲೇಬಲ್ಲನ್ನೇ ಮತ್ತೊಮ್ಮೆ ನೋಡಿದೆ. ಓದಲು ಬಾರದ ಅವ್ವನಿಗೆ ಅಕ್ಷರವೆಂದರೆ ಚಿತ್ರ. ಯಂತ್ರಕ್ಕೂ ಚಿತ್ರವನ್ನೇ ಕೊಟ್ಟರೆ? ಹೆಸರನ್ನು ಅಕ್ಷರವಾಗಿ ಕಳಿಸದೆ, ಇಲ್ಲಿ ಕಪ್ಪು ಚುಕ್ಕೆ, ಇಲ್ಲಿ ಬಿಳಿ ಎಂದು ಚಿತ್ರವಾಗಿ ಕಳಿಸಿದೆ. ಬಂತು, ಕನ್ನಡ! ಆದರೆ ಸಣ್ಣ ಲೇಬಲ್ಲಿನಲ್ಲಿ ಒತ್ತಕ್ಷರಗಳೆಲ್ಲ ಮಸಿಯ ಮುದ್ದೆ. ದೊಡ್ಡದು ಮಾಡಿದರೆ ಒಂದೇ ಸಾಲು ಹಿಡಿಸುತ್ತಿತ್ತು. ಇದ್ದದ್ದು ಎರಡು: ಮೇಲೆ ‘ಸುವರ್ಣಾ ಶೇಂಗಾ ಹಿಂಡಿ’, ಕೆಳಗೆ ನನ್ನ ಹೆಸರು, ಬಿ.ಎಸ್ಸಿ. ಸಮೇತ. ಮೇಲಿನದರಲ್ಲಿ ‘ಸುವರ್ಣಾ’ ತೆಗೆದರೆ ಎರಡೂ ಒಂದೇ ಸಾಲಿನಲ್ಲಿ ಹೇಗೋ ಕೂಡುತ್ತವೆ ಎಂದು ಮೆಲ್ಲಗೆ ಹೇಳಿ ನೋಡಿದೆ.

“ಕುಟ್ಟಿದಾಕಿ ನಾ. ನಿಮ್ಮ ಬಿ.ಎಸ್ಸಿ. ಬಂದು ಬಳ್ಳೊಳ್ಳಿ ಸುಲದದೇನ್ರಿ?”

“ಅದು ಇರಲಿಲ್ಲಂದ್ರ ಈ ಚಿತ್ರ ಬರ್ತಿತ್ತೇನು?”

“ಎರಡರಾಗ ಆಕೀದು ಯಾವುದೋ?” ಎಂದು ಅವ್ವ ನಡುವೆ ಬಂದಳು. ತೋರಿಸಿದೆ. ಅದರ ಮೇಲೆ ನಿಧಾನ ಬೆರಳು ಆಡಿಸಿ, “ಇದು ಇರ್ಲಿ” ಎಂದಳು. ನನ್ನನ್ನು ಓದಿಸಿದವಳೇ ಹೇಳಿದ ಮೇಲೆ ಮೇಲ್ಮನವಿ ಎಲ್ಲಿಗೆ? ಕೆಳಗಿನ ಸಾಲು ಅಳಿಸಿದೆ.

ಮುಂಜಾನೆ ಹುಮನಾಬಾದಿಗೆ ನಾನೇ ಪಾಕೀಟು ಒಯ್ದೆ. ಅಂಗಡಿಯವರು ಹೆಸರನ್ನು ಗಟ್ಟಿಯಾಗಿ ಓದಿ, ಗಿರಾಕಿಯೊಬ್ಬರಿಗೆ, “ಇವ್ರು ಸುವರ್ಣಾ ಬಾಯಿ ಅವ್ರ ಮನಿಯವ್ರು” ಎಂದು ನನ್ನ ಪರಿಚಯ ಮಾಡಿಸಿದರು.

“ನಾ ಬಿ.ಎಸ್ಸಿ. ಆಗೀನ್ರಿ” ಎಂದೆ.

“ಇರ್ಲಿ ಬಿಡ್ರಿ, ಏನಾಗ್ತದ” ಎಂದು ಅವರು ನನ್ನನ್ನು ಸಮಾಧಾನ ಮಾಡಿದರು.