ಗಂಡಿನ ತಂದೆಯ ಫೋಟೋ

ಮದುವೆಯಾಗದ ಮಗಳಿರುವ ತಾಯಿಯ ಕಣ್ಣಿಗೆ ಲೋಕದಲ್ಲಿ ಎರಡೇ ಬಗೆಯ ಗಂಡಸರು: ಮದುವೆಯಾದವರು, ಮತ್ತು ವಿಚಾರಿಸಿ ನೋಡಬೇಕಾದವರು. ಜಪಾನಿಗೆ ಬಂದ ಮೇಲೂ ನನ್ನ ಈ ಕಣ್ಣು ಬದಲಾಗಲಿಲ್ಲ. ರೈಲಿನಲ್ಲಿ ಎದುರು ಸೀಟಿನಲ್ಲಿ ತೂಕಡಿಸುವ ಹುಡುಗನನ್ನು ನೋಡಿದರೆ, ಪರವಾಗಿಲ್ಲ, ಬಾಯಿ ಮುಚ್ಚಿಕೊಂಡು ನಿದ್ದೆ ಮಾಡುತ್ತಾನೆ ಎಂದು ಮನಸ್ಸಿನಲ್ಲೇ ಮೆಚ್ಚಿಕೊಳ್ಳುತ್ತಿದ್ದೆ. ಇದನ್ನೆಲ್ಲ ಬಾಯಿಬಿಟ್ಟು ಹೇಳುವ ಧೈರ್ಯ ನನಗಿಲ್ಲ. ಹಳ್ಳಿಯ ಶಾಲೆಯಲ್ಲಿ ಮೇಷ್ಟರು ಹೆಸರು ಕೇಳಿದರೂ ಜಡೆಯ ತುದಿ ಕಚ್ಚಿಕೊಂಡು ನಿಲ್ಲುತ್ತಿದ್ದವಳು ನಾನು. ಒಸಾಕಾದಲ್ಲಿರುವ ನೀವು ಮೊಮ್ಮಕ್ಕಳು ಫೋನಿನಲ್ಲಿ "ಅಜ್ಜಿ, ಸ್ಟೋರಿ" ಅಂದಾಗಲೂ ನನಗೆ ಮಾತು ಹೊರಡುವುದಿಲ್ಲ. ಅದಕ್ಕೇ ಬರೆಯುತ್ತಿದ್ದೇನೆ. ನಿಮ್ಮಪ್ಪ ಓದಿ ಹೇಳಲಿ. ಅವನ ಅಮ್ಮನ ಮಾನ ಹೋಗುವ ಕಡೆ ಹಾರಿಸದೆ ಓದಲಿ.

ನಿಮ್ಮ ಶುಭತ್ತೆಯೂ ನಾನೂ ಎಡೋಗಾವಾದ ಈ ಪುಟ್ಟ ಮನೆಯಲ್ಲಿ ಇದ್ದೇವೆ. ಅವಳು ದಿನಾ ರೈಲು ಹತ್ತಿ ಕಾಶಿವಾದ ವಿಶ್ವವಿದ್ಯಾಲಯಕ್ಕೆ ಹೋಗಿ, ಕಣ್ಣಿಗೆ ಕಾಣದ ಯಾವುದೋ ಕಣವನ್ನು ಹುಡುಕುತ್ತಾಳೆ. ಕಾಣದ ಕಣವನ್ನು ಹುಡುಕುವವಳಿಗೆ ಕಣ್ಣೆದುರಿನ ಗಂಡು ಕಾಣುವುದಿಲ್ಲವಲ್ಲ ಎಂಬುದು ನನ್ನ ಸಂಕಟ. ಪ್ರತಿ ಭಾನುವಾರ ದೋಸೆಯ ಜೊತೆಗೆ ಈ ಮಾತನ್ನೂ ಬಡಿಸುತ್ತಿದ್ದೆ.

"ಒಂದ್ಸಲ ನೋಡು ಸಾಕು ಕಣೇ. ಕಾಫಿ ಕುಡಿದು ಬಂದ್ಬಿಡು. ಇಷ್ಟ ಆಗ್ಲಿಲ್ಲ ಅಂದ್ರೆ ಬೇಡ ಅಂದ್ರಾಯ್ತು."

"ಅಮ್ಮಾ, ನಾನು ಆರಾಮಾಗಿದೀನಿ. ಲೈಫ್ ಸೆಟ್ ಆಗಿದೆ. ಡಿಸ್ಟರ್ಬ್ ಮಾಡ್ಬೇಡ."

"ನಾನು ಹೋದ್ಮೇಲೆ ನಿಂಗೆ ಯಾರೇ ಜೊತೆ?"

"ನೀನೆಲ್ಲಿಗೆ ಹೋಗ್ತೀಯ? ಟಿಕೆಟ್ ಬುಕ್ ಮಾಡೋಳು ನಾನು ತಾನೇ?"

ಹೀಗಿರುವಾಗ ನನ್ನ ಪಕ್ಷ ವಹಿಸುವವರು ಸಿಕ್ಕಿದ್ದು ಸಿನಿಮಾದಲ್ಲಿ. ನಮ್ಮ ಬಡಾವಣೆಯ ಸಭಾಂಗಣದಲ್ಲಿ ಶನಿವಾರ ಮಧ್ಯಾಹ್ನ ವಯಸ್ಸಾದವರಿಗೆಂದು ಹಳೆಯ ಕಪ್ಪು ಬಿಳುಪಿನ ಸಿನಿಮಾ ತೋರಿಸುತ್ತಾರೆ. ಪಕ್ಕದ ಮನೆಯ ತನಾಕಾ ಸಾನ್, ನನ್ನಷ್ಟೇ ವಯಸ್ಸಿನ ಹೆಂಗಸು, ಕೈ ಹಿಡಿದು ಕರೆದುಕೊಂಡು ಹೋಗುತ್ತಾರೆ. ಭಾಷೆ ಬಾರದಿದ್ದರೂ ಕಥೆ ಅರ್ಥವಾಗುತ್ತದೆ, ಏಕೆಂದರೆ ಎಲ್ಲದರದೂ ಒಂದೇ ಕಥೆ. ಮಗಳಿಗೆ ಮದುವೆ ಬೇಡ. ಅಪ್ಪನಿಗೆ ಬೇಕು. ಯಾರೋ ಬಂಧುಗಳು ಗಂಡಿನ ಫೋಟೋ ಹಿಡಿದುಕೊಂಡು ಬರುತ್ತಾರೆ. ಇಷ್ಟಾದರೆ ನಮ್ಮ ಸಿನಿಮಾಗಳಲ್ಲಿ ಒಬ್ಬರು ಕೆನ್ನೆಗೆ ಹೊಡೆದು, ಇನ್ನೊಬ್ಬರು ಎದೆ ಹಿಡಿದುಕೊಂಡು ಬಿದ್ದು, ಹಿನ್ನೆಲೆಯಲ್ಲಿ ಗುಡುಗಬೇಕಿತ್ತು. ಇಲ್ಲಿ ಅಪ್ಪ ಚಾಪೆಯ ಮೇಲೆ ಕೂತು "ಹೂಂ" ಅನ್ನುತ್ತಾನೆ. ಮಗಳು ನಗುತ್ತಾಳೆ. ಹೊರಗೆ ಒಂದು ರೈಲು ಹೋಗುತ್ತದೆ. ಅಷ್ಟಕ್ಕೇ ಮನೆಯೊಳಗೆ ದೊಡ್ಡ ಜಗಳ ಆಗಿಹೋಗಿದೆ ಎಂದು ನಾವು ತಿಳಿದುಕೊಳ್ಳಬೇಕು. ಕೊನೆಗೆ ಮಗಳು ಮದುವೆಯ ಉಡುಪಿನಲ್ಲಿ ಅಪ್ಪನಿಗೆ ನಮಸ್ಕರಿಸಿ ಹೊರಡುತ್ತಾಳೆ. ಮದುವೆಯನ್ನೂ ತೋರಿಸುವುದಿಲ್ಲ, ಊಟವನ್ನೂ ತೋರಿಸುವುದಿಲ್ಲ. ಊಟದ ವಿಷಯದಲ್ಲಿ ನನಗೆ ಬೇಸರವಿದ್ದರೂ ಆ ಅಪ್ಪಂದಿರೆಲ್ಲ ನನ್ನವರೇ ಅನ್ನಿಸುತ್ತಿತ್ತು.

ಒಂದು ಶನಿವಾರ ಸಿನಿಮಾ ಮುಗಿದ ಮೇಲೆ ತನಾಕಾ ಸಾನ್ ನನ್ನ ಮನೆಯ ಸಮಾಚಾರ ಕೇಳಿದರು. ನಾವು ಮಾತಾಡುವುದು ಕೈಯಲ್ಲಿ. ಮಗಳಿದ್ದಾಳೆ ಎಂದು ತೋರಿಸಿದೆ. ಅವಳಿಗೆ ಇನ್ನೂ ತಾಳಿ ಕಟ್ಟುವವರು ಸಿಕ್ಕಿಲ್ಲ ಎನ್ನುವುದಕ್ಕೆ, ನನ್ನ ಬೋಳು ಕೊರಳನ್ನೇ ಮುಟ್ಟಿಕೊಂಡು ಬೆರಳಲ್ಲಿ ಗಂಟು ಹಾಕಿದಂತೆ ಮಾಡಿ, ಕೈಯಾಡಿಸಿ ನಿಟ್ಟುಸಿರು ಬಿಟ್ಟೆ. ಅವರ ಕಣ್ಣು ಒದ್ದೆಯಾಯಿತು. ಅರ್ಥವಾಯಿತು ಎಂದುಕೊಂಡೆ.

ಮರುವಾರ ಅವರು ಅಕ್ಕಿಯ ಸಿಹಿ ತುಂಬಿದ ಒಂದು ಡಬ್ಬಿಯನ್ನೂ, ದಪ್ಪ ರಟ್ಟಿನ ಮಡಿಕೆಯಲ್ಲಿ ಒಂದು ಫೋಟೋವನ್ನೂ ತಂದುಕೊಟ್ಟರು. ಫೋಟೋದಲ್ಲಿ ಬೆಳ್ಳಿ ಕೂದಲಿನ, ಟೈ ಕಟ್ಟಿದ ಹಿರಿಯರೊಬ್ಬರು ತೊಡೆಯ ಮೇಲೆ ಟೋಪಿ ಇಟ್ಟುಕೊಂಡು ಕೂತಿದ್ದರು. ಗಂಡಿನ ತಂದೆ! ಎಂಥ ಸಂಸ್ಕಾರವಂತ ಜನ ಇವರು, ಹುಡುಗನನ್ನು ತೋರಿಸುವ ಮೊದಲು ಮನೆತನವನ್ನು ತೋರಿಸುತ್ತಾರೆ ಎಂದು ಹಿಗ್ಗಿದೆ. ಕಿವಿ ದೊಡ್ಡದಾಗಿತ್ತು, ಮಗನಿಗೂ ಆಯಸ್ಸು ಗಟ್ಟಿ. ಫೋಟೋವನ್ನು ದೇವರ ಮುಂದಿಟ್ಟೆ. ಡಬ್ಬಿಯನ್ನು ಬರಿದಾಗಿ ಹಿಂದಿರುಗಿಸುವುದು ಹೇಗೆ? ಕೊಡುಬಳೆ ಮಾಡಿ ತುಂಬಿ, ಫೋಟೋದಲ್ಲಿದ್ದವರಿಗೆ ಎಂದು ಸನ್ನೆ ಮಾಡಿ ಕಳಿಸಿದೆ. ಬೇಡದವರು ಫೋಟೋವನ್ನು ಬೇಗ ಹಿಂದಿರುಗಿಸುವುದು ಇಲ್ಲಿನ ಪದ್ಧತಿ, ಇಟ್ಟುಕೊಂಡರೆ ಮನಸ್ಸಿದೆ ಎಂದೇ ಅರ್ಥ ಎಂಬುದು ನನಗೇನು ಗೊತ್ತು?

ಎರಡು ದಿನ ಕಳೆದು ಒಂದು ಸಂಜೆ ಶುಭಾ ಬಾಗಿಲಲ್ಲೇ ಶೂ ಕೂಡ ಬಿಚ್ಚದೆ ಕೂತು ನಗತೊಡಗಿದಳು. ಲಿಫ್ಟಿನಲ್ಲಿ ತನಾಕಾ ಸಾನ್ ಸಿಕ್ಕಿದ್ದರಂತೆ.

"ಅಮ್ಮಾ, ಕೊಡುಬಳೆ ಯಾರಿಗೆ ಕಳಿಸ್ದೆ?"

"ಬೀಗರಿಗೆ," ಎಂದು ಫೋಟೋ ತೋರಿಸಿದೆ. "ಮಗ ಏನು ಮಾಡ್ತಾನಂತೆ?"

"ಅವ್ರಿಗೆ ಮಕ್ಳೇ ಇಲ್ಲ. ಹೆಂಡತಿ ತೀರಿಹೋಗಿ ತುಂಬಾ ವರ್ಷ ಆಯ್ತಂತೆ. ಗಂಡೇ ಅವ್ರು, ಹೆಣ್ಣು ನೀನು!"

ನಾನು ಥಟ್ಟನೆ ಫೋಟೋವನ್ನು ಬೋರಲು ಹಾಕಿದೆ.

"ಕೊಡುಬಳೆ ಸೂಪರ್ ಅಂದ್ರಂತೆ. ಭಾನುವಾರ ಸ್ಟೇಷನ್ ಹತ್ರ ಟೀಗೆ ಕರೆದಿದಾರೆ. ಒಂದ್ಸಲ ನೋಡು ಸಾಕಮ್ಮ. ಟೀ ಕುಡಿದು ಬಂದ್ಬಿಡು. ಇಷ್ಟ ಆಗ್ಲಿಲ್ಲ ಅಂದ್ರೆ ಬೇಡ ಅಂದ್ರಾಯ್ತು."

"ಥೂ, ಬಾಯಿ ಮುಚ್ಚೇ!"

"ಮತ್ತೆ ನಾನು ಮದ್ವೆ ಆಗಿ ಹೋದ್ಮೇಲೆ ನಿಂಗೆ ಯಾರು ಜೊತೆ?"

"ನಾನು ಆರಾಮಾಗಿದೀನಿ ಕಣೇ! ಯಾಕೆ ನನ್ನ ಗೋಳು ಹುಯ್ಕೋತೀಯ?"

ಆಡಿದ ಮೇಲೆ ಅದು ಯಾರ ಮಾತು ಎಂದು ನನಗೇ ಕೇಳಿಸಿತು. ಅವಳಿಗೂ ಕೇಳಿಸಿರಬೇಕು. ನಗು ನಿಲ್ಲಿಸಿ ಶೂ ಬಿಚ್ಚಿದಳು. "ನಂಗೂ ಹಾಗೇ ಅನ್ಸತ್ತಮ್ಮ, ಪ್ರತಿ ಭಾನುವಾರ," ಅಂದಳು.

ಮರುದಿನ ಇಬ್ಬರೂ ಹೋಗಿ ತನಾಕಾ ಸಾನ್‌ಗೆ ಫೋಟೋ ಹಿಂದಿರುಗಿಸಿದೆವು. ಬೇಡ ಎನ್ನುವುದನ್ನು ಶುಭಾ ಜಪಾನಿಯಲ್ಲಿ ಬಹಳ ಮೃದುವಾಗಿ ಹೇಳಿದಳು. ಅವಳಿಗೆ ಅದರಲ್ಲಿ ಅಭ್ಯಾಸ ಚೆನ್ನಾಗಿದೆ. ನಾನು ಬೆನ್ನು ಬಾಗಿಸಿ "ಸುಮಿಮಾಸೆನ್" ಎಂದು ಕ್ಷಮೆ ಕೇಳಿದೆ. ಮನೆಯೊಳಗೆ ಬಂದ ಮೇಲೆ ಅವಳು ನನ್ನಿಂದ ಮಾತು ತೆಗೆದುಕೊಂಡಳು: ಇನ್ನು ಮೇಲೆ ಮನೆಯಲ್ಲಿ ಮದುವೆಯ ಸುದ್ದಿ ಇಲ್ಲ, ಅವಳದೂ ಇಲ್ಲ, ನನ್ನದೂ ಇಲ್ಲ.

ಶನಿವಾರ ಮತ್ತೆ ಸಿನಿಮಾ. ಮತ್ತೆ ಅದೇ ಕಥೆ. ಮಗಳು ನಮಸ್ಕರಿಸಿ ಹೊರಟುಹೋದಳು. ಅಪ್ಪ ಖಾಲಿ ಮನೆಗೆ ಬಂದು ದೀಪ ಹಾಕಿ ಕೂತ. "ಕಳಿಸು ಅಂತ ನಿಂಗೆ ಯಾರಪ್ಪಾ ಹೇಳಿದ್ದು?" ಎಂಬ ಮಾತು ಕತ್ತಲೆಯಲ್ಲಿ ಜೋರಾಗಿ ಕೇಳಿಸಿತು. ಬೆಚ್ಚಿ ನೋಡಿದರೆ, ಹೇಳಿದವಳು ನಾನೇ. ಅಕ್ಕಪಕ್ಕದವರು ತಿರುಗಿ ನೋಡಿ, ನನ್ನ ಕೆನ್ನೆ ಒದ್ದೆಯಾಗಿದ್ದನ್ನು ಕಂಡು ಕರವಸ್ತ್ರ ಕೊಟ್ಟರು. ತನಾಕಾ ಸಾನ್ ನನ್ನ ಕೈಯನ್ನು ತಮ್ಮ ಕೈಯಲ್ಲಿ ಹಿಡಿದುಕೊಂಡರು. ಮಗಳನ್ನು ಒಳ್ಳೆಯ ಮನೆ ಸೇರಿಸಿ ಒಂಟಿಯಾದ ಆ ದೊಡ್ಡ ಮನುಷ್ಯನಿಗಾಗಿ ನಾನು ಅಳುತ್ತಿದ್ದೇನೆಂದು ಅವರೆಲ್ಲ ತಿಳಿದುಕೊಂಡಿದ್ದರು. ನನ್ನವಳು ಹೋಗದಿದ್ದರೆ ಸಾಕಪ್ಪಾ ಎಂದು ಅಳುತ್ತಿದ್ದೇನೆಂದು ನಾನು ಯಾವ ಮುಖ ಹೊತ್ತು ಹೇಳಲಿ?